ಅಯಾಕಾ ತಕಾಹಾಶಿ: ಹಿಂದೆ ನಿಂತು ಚಿನ್ನ ಗೆದ್ದ ಆಟಗಾರ್ತಿ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ಬ್ಯಾಡ್ಮಿಂಟನ್ ಡಬಲ್ಸ್ ಆಡೋವಾಗ ನಾನು ಯಾವಾಗ್ಲೂ ಹಿಂದೆ ನಿಲ್ಲೋಳು, ನನ್ನ ಪಾರ್ಟ್ನರ್ ನೆಟ್ ಹತ್ರ. ಅದಕ್ಕೇ ಇರ್ಬೇಕು, ಲೋಕದ ದೊಡ್ಡ ದೊಡ್ಡ ಆಟಗಾರರ ಪೈಕಿ ನನಗೆ ಅಯಾಕಾ ತಕಾಹಾಶಿ ಮೇಲೇ ಪ್ರೀತಿ ಜಾಸ್ತಿ. ಕೋರ್ಟ್ ಪಕ್ಕ ಕೂತು ಇವರ ಬಗ್ಗೆ ಮಾತಾಡ್ತಾ ಇದ್ರೆ ಜನ ಅವೇ ಪ್ರಶ್ನೆ ಕೇಳ್ತಾರೆ, ಎಲ್ಲಾ ಒಂದೇ ಕಡೆ ಬರೆದಿಟ್ಬಿಡೋಣ ಅಂತ ಕೂತೆ.

ಯಾರಿವರು? ಎರಡು ಸಾಲಲ್ಲಿ ಹೇಳಿ.

ಅಯಾಕಾ ತಕಾಹಾಶಿ ಜಪಾನಿನ ಮಹಿಳಾ ಡಬಲ್ಸ್ ಆಟಗಾರ್ತಿ. ಹುಟ್ಟಿದ್ದು 1990ರ ಏಪ್ರಿಲ್ 19ಕ್ಕೆ, ನಾರಾ ಪ್ರಾಂತ್ಯದ ಕಾಶಿಹಾರಾ ಊರಲ್ಲಿ. ಮಿಸಾಕಿ ಮತ್ಸುತೊಮೊ ಜೊತೆ ಸೇರಿ 2016ರ ರಿಯೋ ಒಲಿಂಪಿಕ್ಸಲ್ಲಿ ಚಿನ್ನ ಗೆದ್ರು. ಬ್ಯಾಡ್ಮಿಂಟನ್‌ನಲ್ಲಿ ಜಪಾನಿಗೆ ಸಿಕ್ಕ ಮೊಟ್ಟಮೊದಲ ಒಲಿಂಪಿಕ್ ಚಿನ್ನ ಅದು. 2020ರಲ್ಲಿ ಆಟ ನಿಲ್ಲಿಸಿದ್ರು. ಎರಡು ಸಾಲಿಗೆ ಇಷ್ಟೇ ಹಿಡಿಸೋದು, ಮಿಕ್ಕಿದ್ದು ಕೆಳಗಿದೆ.

ಸಿಂಗಲ್ಸ್ ಆಡ್ತಿದ್ದ ತಕಾಹಾಶಿ ಇವರೇನಾ?

ಅಲ್ಲ. ಅವರು ಸಯಾಕಾ ತಕಾಹಾಶಿ, ಬೇರೆಯವರು, ನಮ್ಮ ಸಿಂಧು ಎದುರು ಆಡಿದ್ದು ಅವರು. ಇಬ್ರೂ ಒಂದೇ ಕಾಲದಲ್ಲಿ ಒಂದೇ ಜಪಾನ್ ಟೀಮಲ್ಲಿ ಇದ್ದಿದ್ರಿಂದ ಸ್ಕೋರ್ ಪಟ್ಟಿ ನೋಡಿದವರಿಗೆ ಗೊಂದಲ ಆಗೋದು ಸಹಜ. ಇನ್ನೂ ದೊಡ್ಡ ಗೊಂದಲ ಅಂದ್ರೆ ಈ 'ಮತ್ಸು'ಗಳದ್ದು: ಮತ್ಸುತೊಮೊ, ಮತ್ಸುಮೊಟೊ, ಮತ್ಸುಯಾಮಾ, ಮೂರೂ ಜನ ಜಪಾನ್ ಡಬಲ್ಸ್ ಆಟಗಾರ್ತಿಯರೇ, ಮೂರೂ ಬೇರೆ ಬೇರೆ ಜೋಡಿ. ಮತ್ಸು ಅಂದ್ರೆ ಪೈನ್ ಮರ, ನಮ್ಮಲ್ಲಿ ಗೌಡ, ಶೆಟ್ಟಿ ಅಂತ ಎಷ್ಟು ಜನ ಇರ್ತಾರೋ ಹಾಗೇ ಅಲ್ಲಿ ಮತ್ಸು ಇರೋ ಮನೆತನದ ಹೆಸರು ಬೇಕಾದಷ್ಟು.

'ತಕಾಮತ್ಸು' ಅಂತಾರಲ್ಲ, ಅದೇನು?

ತಕಾಹಾಶಿಯ 'ತಕಾ', ಮತ್ಸುತೊಮೊದ 'ಮತ್ಸು', ಸೇರಿಸಿದ್ರೆ ತಕಾಮತ್ಸು. ಜಪಾನಲ್ಲಿ ಮಹಿಳಾ ಡಬಲ್ಸ್ ಜೋಡಿಗಳಿಗೆ ಹೀಗೆ ಎರಡು ಹೆಸರು ಹೆಣೆದು ಒಂದೇ ಹೆಸರಿಟ್ಟು ಕರೆಯೋ ರೂಢಿ ಇದೆ. ಒಗುರಾ, ಶಿಯೋತಾ ಸೇರಿ 'ಒಗುಶಿಯೊ', ಸುಯೆತ್ಸುನಾ, ಮಯೆದಾ ಸೇರಿ 'ಸುಯೆಮಯೆ', ಫುಜಿಯಿ, ಕಾಕಿಇವಾ ಸೇರಿ 'ಫುಜಿಕಾಕಿ', ಆಮೇಲೆ 'ಫುಕುಹಿರೊ', 'ನಾಗಾಮತ್ಸು', 'ಶಿದಾಮತ್ಸು'. ನನಗಂತೂ ಈ ರೂಢಿ ತುಂಬಾ ಇಷ್ಟ, ಯಾಕಂದ್ರೆ ಗೆದ್ದಾಗ್ಲೂ ಸೋತಾಗ್ಲೂ ಜನ ಕೂಗೋದು ಇಬ್ಬರನ್ನೂ ಸೇರಿಸಿದ ಹೆಸರನ್ನೇ, ಒಬ್ಬರನ್ನ ಹೊಗಳಿ ಇನ್ನೊಬ್ಬರನ್ನ ಬಿಡೋಕಾಗಲ್ಲ. ಅಂದಹಾಗೆ ತಕಾಮತ್ಸು ಅಂತ ಶಿಕೊಕು ದ್ವೀಪದಲ್ಲಿ ಒಂದು ಊರೂ ಇದೆ, ಮತ್ಸುತೊಮೊ ಹುಟ್ಟಿದ ತೊಕುಶಿಮಾದ ಪಕ್ಕದ ಪ್ರಾಂತ್ಯದಲ್ಲೇ.

ಇಬ್ಬರೂ ಜೊತೆಯಾಗಿದ್ದು ಹೇಗೆ?

ಸ್ಕೂಲಲ್ಲಿ. ಇಬ್ಬರ ಮನೆಯಿಂದ್ಲೂ ತುಂಬಾ ದೂರ ಇರೋ ಸೆಂದಾಯ್ ನಗರದ ಸೇಂಟ್ ಉರ್ಸುಲಾ ಗಕುಯಿನ್ ಏಯಿಚಿ ಹೈಸ್ಕೂಲು, ಬ್ಯಾಡ್ಮಿಂಟನ್‌ಗೆ ಹೆಸರಾದ ಸ್ಕೂಲು. ನಾರಾದಿಂದ ಒಬ್ಬರು, ತೊಕುಶಿಮಾದಿಂದ ಒಬ್ಬರು ಹೋಗಿ 2007ರಲ್ಲಿ ಅಲ್ಲಿ ಜೋಡಿಯಾದ್ರು.

ಒಂದು ಸಣ್ಣ ವಿಷಯ ಹೇಳ್ತೀನಿ. ವಯಸ್ಸಲ್ಲಿ ನೋಡಿದ್ರೆ ಮತ್ಸುತೊಮೊ ಸುಮಾರು ಎರಡು ವರ್ಷ ಚಿಕ್ಕೋರು, ಹುಟ್ಟಿದ್ದು 1992ರ ಫೆಬ್ರವರಿ 8. ಆದ್ರೆ ಕ್ಲಾಸಲ್ಲಿ ಒಂದೇ ವರ್ಷ ಹಿಂದೆ, ಯಾಕಂದ್ರೆ ಜಪಾನಲ್ಲಿ ಸ್ಕೂಲ್ ವರ್ಷ ಶುರುವಾಗೋದು ಏಪ್ರಿಲಲ್ಲಿ. ಒಂದೇ ವರ್ಷ ಅಂತ ಸುಮ್ನೆ ಅಂದ್ಕೋಬೇಡಿ, ಅಲ್ಲಿ ಸೀನಿಯರ್‌ಗೆ 'ಸೆನ್ಪೈ' ಅಂತಾರೆ, ಸೆನ್ಪೈ ಎದುರು ಜೂನಿಯರ್ ಮಾತಾಡೋ ಭಾಷೆನೇ ಬೇರೆ, ನಮ್ಮಲ್ಲಿ 'ನೀನು' 'ನೀವು' ಅಂತ ಇದೆಯಲ್ಲ ಅದಕ್ಕಿಂತ ಇನ್ನೂ ಬಿಗಿ. ಅಂಥ ಕಡೆ ಜೂನಿಯರ್ ಹುಡುಗಿ ನೆಟ್ ಹತ್ರ ನಿಂತು ಆಟ ಎತ್ತ ಹೋಗ್ಬೇಕು ಅಂತ ತೀರ್ಮಾನ ಮಾಡೋದು, ಸೀನಿಯರ್ ಹಿಂದೆ ಓಡಾಡಿ ಅದಕ್ಕೆ ಬೇಕಾದ್ದನ್ನ ಕೊಡೋದು, ಇದು ಹದಿನೈದು ಹದಿನೇಳು ವಯಸ್ಸಿನ ಮಕ್ಕಳಿಗೆ ಸುಲಭದ ಮಾತಲ್ಲ.

ಇವರ ಹೆಸರಿನ ಜೊತೆ ಕಂಪನಿ ಹೆಸರು ಯಾಕೆ ಬರುತ್ತೆ? ಸ್ಪಾನ್ಸರಾ?

ಸ್ಪಾನ್ಸರ್ ಅಲ್ಲ. ಜಪಾನಲ್ಲಿ ಕಂಪನಿಗಳೇ ಟೀಮ್ ಕಟ್ಟಿ ಆಟಗಾರರನ್ನ ನೌಕರಿಗೆ ಸೇರಿಸ್ಕೊಳ್ತವೆ, ನಮ್ಮಲ್ಲಿ ರೈಲ್ವೇಸ್, ಪೆಟ್ರೋಲಿಯಂ ಕಂಪನಿಗಳು ಕ್ರೀಡಾ ಕೋಟಾದಲ್ಲಿ ಕೆಲಸ ಕೊಡ್ತಾವಲ್ಲ ಹಾಗೆ, ಆದ್ರೆ ಅಲ್ಲಿ ಆ ಕಂಪನಿ ಟೀಮ್‌ಗಳ ನಡುವೆ ಲೀಗೇ ನಡೆಯುತ್ತೆ. ತಕಾಹಾಶಿ 2009ರಲ್ಲಿ ನಿಪ್ಪಾನ್ ಯೂನಿಸಿಸ್ ಅನ್ನೋ ಕಂಪ್ಯೂಟರ್ ಕಂಪನಿ ಸೇರಿದ್ರು, ಮುಂದಿನ ವರ್ಷ ಮತ್ಸುತೊಮೊ ಸ್ಕೂಲ್ ಮುಗಿಸಿ ಅಲ್ಲಿಗೇ ಬಂದ್ರು. ಸ್ಕೂಲ್ ಮುಗಿದ ಮೇಲೆ ಎಷ್ಟೋ ಜೋಡಿ ಬೇರೆ ಬೇರೆ ಆಗೋದು ಇಲ್ಲೇ, ಒಬ್ಬರಿಗೆ ಒಂದು ಕಂಪನಿ ಇನ್ನೊಬ್ಬರಿಗೆ ಇನ್ನೊಂದು. ಇವರು ಬಿಡ್ಲಿಲ್ಲ. ಆ ಕಂಪನಿಗೆ ಈಗ ಬಿಪ್ರೊಜಿ ಅಂತ ಹೆಸರು.

ಹಿಂದೆ ನಿಲ್ಲೋದು ಅಂದ್ರೆ ಏನು, ಅದರಲ್ಲೇನಿದೆ ವಿಶೇಷ?

ಇದನ್ನ ನಾನು ಸ್ವಲ್ಪ ಉದ್ದಕ್ಕೇ ಹೇಳ್ತೀನಿ, ಬೇಜಾರು ಮಾಡ್ಕೋಬೇಡಿ.

ಅಟ್ಯಾಕ್ ಮಾಡೋವಾಗ ಜೋಡಿ ಹಿಂದೆ ಮುಂದೆ ನಿಲ್ಲುತ್ತೆ, ಡಿಫೆನ್ಸ್ ಬಂದಾಗ ಅಕ್ಕಪಕ್ಕ. ನೆಟ್ಟಿಂದ ಹಿಂದಿನ ಗೆರೆವರೆಗೆ 6.7 ಮೀಟರ್, ಅಗಲ 6.1 ಮೀಟರ್. ಮುಂದಿನವರು ನೆಟ್ ಕಾಯ್ತಾರೆ, ಹಿಂದಿನ ಎರಡು ಮೂಲೆನೂ ಹಿಂದಿನವರ ತಲೆ ಮೇಲೆ. ಮಹಿಳಾ ಡಬಲ್ಸಲ್ಲಿ ಒಂದು ಸ್ಮ್ಯಾಶಿಗೆ ಪಾಯಿಂಟ್ ಬರೋದು ಅಪರೂಪ, ಎದುರಿನವರು ಎತ್ತಿ ಹಾಕ್ತಾರೆ, ಮತ್ತೆ ಹೊಡೀಬೇಕು, ಮತ್ತೆ ಎತ್ತಿ ಹಾಕ್ತಾರೆ, ಈ ಮೂಲೆಗೆ ಒಂದು, ಆ ಮೂಲೆಗೆ ಒಂದು. ನಾನು ಆಡೋ ಸಾಧಾರಣ ಆಟದಲ್ಲೇ ಸತತ ಆರೇಳು ಸ್ಮ್ಯಾಶ್ ಹೊಡೆದ ಮೇಲೆ ಭುಜ ಎತ್ತೋಕಾಗಲ್ಲ, ಬಲಗಾಲು ನೆಲಕ್ಕೆ ಊರಿದಾಗ ಮಂಡಿ ಒಳಗೆ ಏನೋ ಕುಕ್ಕಿದ ಹಾಗಾಗುತ್ತೆ. ಎಂಟನೇದು ಹೊಡೀವಾಗ ಮನಸ್ಸು 'ಸಾಕು, ಸುಮ್ನೆ ಕ್ಲಿಯರ್ ಮಾಡು, ಎತ್ತರಕ್ಕೆ ಎದುರಿನವರ ಹಿಂದಕ್ಕೆ ತಳ್ಳಿಬಿಡು' ಅನ್ನುತ್ತೆ. ಆ ಎಂಟನೇದನ್ನ ಮೊದಲನೇದರ ಥರಾನೇ ಹೊಡಿಯೋರು ತಕಾಹಾಶಿ.

ಹೊಡಿಯೋದಷ್ಟೇ ಅಲ್ಲ, ಎಲ್ಲಿಗೆ ಹೊಡೀಬೇಕು ಅನ್ನೋದು. ಇವರ ಸ್ಮ್ಯಾಶಿನ ಗುರಿ ತುಂಬಾ ಸಲ ಪಾಯಿಂಟ್ ಆಗಿರಲ್ಲ, ಎದುರಾಳಿಯಿಂದ ಎಂಥ ಉತ್ತರ ಬರ್ಬೇಕು ಅನ್ನೋದಾಗಿರುತ್ತೆ. ಹಿಂದಿಂದ ಮೈ ಮೇಲೆ ಅಥವಾ ಇಬ್ಬರ ಮಧ್ಯಕ್ಕೆ ಬಿಗಿಯಾಗಿ ಒಂದು ಬಿದ್ರೆ ಕಾಕ್ ವಾಪಸ್ ಬರೋ ದಾರಿ ಕಿರಿದಾಗುತ್ತೆ, ಆ ಕಿರಿದಾದ ದಾರಿಯಲ್ಲಿ ಮತ್ಸುತೊಮೊ ರ‍್ಯಾಕೆಟ್ ಮೊದಲೇ ಎತ್ತಿ ಹಿಡ್ಕೊಂಡು ನಿಂತಿರ್ತಾರೆ. 159 ಸೆಂಟಿಮೀಟರ್ ಎತ್ತರದ ಆ ಹುಡುಗಿ ಮೆತ್ತಗೆ ತಟ್ಟಿದ ಕಾಕ್ ನೆಲಕ್ಕೆ ಬಿದ್ದಾಗ ಕ್ಯಾಮೆರಾ ಅವರ ಮುಖಾನೇ ತೋರಿಸುತ್ತೆ. ನ್ಯಾಯವೇ, ಅವರ ಕೈಚಳಕ ನೋಡೋಕೆ ಎರಡು ಕಣ್ಣು ಸಾಲದು. ಆದ್ರೆ ಅದೇ ರ‍್ಯಾಲಿನ ಇನ್ನೊಂದ್ಸಲ ಹಾಕಿ, ಕೊನೇ ಶಾಟ್ ಬಿಟ್ಟು ಅದರ ಹಿಂದಿನ ಮೂರು ಶಾಟ್ ನೋಡಿ. ಆ ಮೂರೂ ತಕಾಹಾಶಿದು.

2012ರ ಲಂಡನ್ ಒಲಿಂಪಿಕ್ಸಲ್ಲಿ ಯಾಕೆ ಇರ್ಲಿಲ್ಲ?

ಒಂದು ದೇಶದಿಂದ ಹೆಚ್ಚು ಅಂದ್ರೆ ಎರಡೇ ಜೋಡಿ ಹೋಗ್ಬಹುದು. ಆಗ ಜಪಾನಿಂದ ಹೋಗಿದ್ದು ಫುಜಿಕಾಕಿ ಮತ್ತೆ ಸುಯೆಮಯೆ. ಸುಯೆಮಯೆ 2008ರ ಬೀಜಿಂಗಲ್ಲಿ ನಾಲ್ಕನೇ ಸ್ಥಾನ ತಗೊಂಡಿದ್ದ ಜೋಡಿ. ಮಿಜುಕಿ ಫುಜಿಯಿ ಮತ್ತು ರೇಯಿಕಾ ಕಾಕಿಇವಾ ಲಂಡನ್ನಲ್ಲಿ ಫೈನಲ್‌ವರೆಗೂ ಹೋಗಿ ಚೀನಾದ ಟಿಯಾನ್ ಕಿಂಗ್, ಝಾವೊ ಯುನ್‌ಲೈ ಎದುರು 10-21, 23-25ರಲ್ಲಿ ಸೋತು ಬೆಳ್ಳಿ ತಂದ್ರು, ಬ್ಯಾಡ್ಮಿಂಟನ್‌ನಲ್ಲಿ ಜಪಾನಿನ ಮೊದಲ ಒಲಿಂಪಿಕ್ ಪದಕ. ಇಪ್ಪತ್ತೆರಡರ ತಕಾಹಾಶಿ ಆಗ ಆ ಸಾಲಲ್ಲಿ ಹಿಂದೆ ಇದ್ರು. ಈ 'ಎರಡೇ ಜೋಡಿ' ಅನ್ನೋ ಮಾತು ನೆನಪಿಟ್ಕೊಳ್ಳಿ, ಕೊನೆಗೆ ಮತ್ತೆ ಬರುತ್ತೆ.

ಲೋಕದ ಕಣ್ಣಿಗೆ ಬಿದ್ದಿದ್ದು ಯಾವಾಗ?

2014. ಆ ವರ್ಷ ಜಪಾನ್ ಓಪನ್ ಗೆದ್ರು, ಅಕ್ಟೋಬರಲ್ಲಿ ವರ್ಲ್ಡ್ ನಂಬರ್ ಒನ್ ಆದ್ರು, ಡಿಸೆಂಬರಲ್ಲಿ ದುಬೈನ ಸೂಪರ್ ಸೀರೀಸ್ ಫೈನಲ್ಸ್, ಅಂದ್ರೆ ವರ್ಷದ ಕೊನೆಗೆ ಆ ವರ್ಷದ ಟಾಪ್ ಜೋಡಿಗಳು ಮಾತ್ರ ಆಡೋ ಟೂರ್ನಿ, ಅದನ್ನೂ ಗೆದ್ರು. ಮಧ್ಯದಲ್ಲಿ ಇಂಚಿಯಾನ್ ಏಷ್ಯನ್ ಗೇಮ್ಸಲ್ಲಿ ಮಾತ್ರ ಫೈನಲ್ಲಲ್ಲಿ ಇಂಡೋನೇಷ್ಯಾದ ಗ್ರೇಸಿಯಾ ಪೋಲಿ, ನಿತ್ಯಾ ಮಹೇಶ್ವರಿ ಎದುರು ಸೋತು ಬೆಳ್ಳಿಗೆ ನಿಂತ್ರು. ಈ ಗ್ರೇಸಿಯಾ ಪೋಲಿನೇ ಮುಂದೆ ಟೋಕಿಯೊ ಒಲಿಂಪಿಕ್ಸ್ ಚಿನ್ನ ಗೆದ್ದಿದ್ದು, ಬೇರೆ ಪಾರ್ಟ್ನರ್ ಜೊತೆ.

ಆಲ್ ಇಂಗ್ಲೆಂಡ್ ಗೆದ್ದಿದಾರಾ?

ಹೌದು, ಬ್ಯಾಡ್ಮಿಂಟನ್ನಿನ ತುಂಬಾ ಹಳೇ, ದೊಡ್ಡ ಟೂರ್ನಿ ಅದು, ಗೆದ್ದಿದ್ದು 2016ರ ಮಾರ್ಚಲ್ಲಿ, ಬರ್ಮಿಂಗ್‌ಹ್ಯಾಮಲ್ಲಿ. ಫೈನಲ್ಲಲ್ಲಿ ಎದುರಿಗಿದ್ದಿದ್ದು ಚೀನಾದ ಟಾಂಗ್ ಯುವಾನ್‌ಟಿಂಗ್, ಯು ಯಾಂಗ್. ಈ ಯು ಯಾಂಗ್ ಬೀಜಿಂಗ್ ಒಲಿಂಪಿಕ್ಸಲ್ಲಿ ಚಿನ್ನ ಗೆದ್ದೋರು, ಅಂಥವರನ್ನ 21-10, 21-12ಕ್ಕೆ ಮುಗಿಸಿದ್ರು. ಸ್ಕೋರ್ ನೋಡಿ ನಾನು ತಪ್ಪು ಓದಿದೆನಾ ಅಂತ ಇನ್ನೊಂದ್ಸಲ ನೋಡಿದೆ. 1978ರಲ್ಲಿ ಜಪಾನಿನ ಜೋಡಿ ಇಲ್ಲಿ ಮಹಿಳಾ ಡಬಲ್ಸ್ ಗೆದ್ದಿದ್ದ ಮೇಲೆ ಮತ್ತೆ ಗೆದ್ದಿದ್ದು ಆಗಲೇ. ನಮ್ಮ ಪ್ರಕಾಶ್ ಪಡುಕೋಣೆ ಅದೇ ಆಲ್ ಇಂಗ್ಲೆಂಡ್ ಗೆದ್ದಿದ್ದು 1980ರಲ್ಲಿ ಅಂತ ನೆನಪು ಮಾಡ್ಕೊಂಡ್ರೆ ಎಷ್ಟು ಹಳೇ ಮಾತು ಅಂತ ಅಂದಾಜಾಗುತ್ತೆ. ಅದೇ ದಿನ ನೊಜೊಮಿ ಒಕುಹಾರಾ ಸಿಂಗಲ್ಸ್ ಗೆದ್ರು. ಮುಂದಿನ ತಿಂಗಳೇ ದೆಹಲಿಯಲ್ಲಿ ಇಂಡಿಯಾ ಓಪನ್ನೂ ತಕಾಮತ್ಸುಗೇ.

ರಿಯೋ ಫೈನಲ್ ಬಗ್ಗೆ ಯಾಕೆ ಇಷ್ಟು ಮಾತಾಡ್ತಾರೆ?

ಮೊದ್ಲು ಹಿನ್ನೆಲೆ ಗೊತ್ತಿರ್ಲಿ. 1996ರ ಅಟ್ಲಾಂಟಾದಿಂದ 2012ರ ಲಂಡನ್ ತನಕ ಐದು ಒಲಿಂಪಿಕ್ಸಲ್ಲೂ ಮಹಿಳಾ ಡಬಲ್ಸ್ ಚಿನ್ನ ಚೀನಾಗೇ ಹೋಗಿತ್ತು, ಐದಕ್ಕೆ ಐದು. ಬೇರೆ ದೇಶದವರು ಬೆಳ್ಳಿಗೆ ಆಡ್ತಿದ್ರು ಅಂದ್ರೂ ತಪ್ಪಿಲ್ಲ. ರಿಯೋದಲ್ಲಿ ಡೆನ್ಮಾರ್ಕಿನ ಕಮಿಲಾ ರಿಟರ್ ಯೂಲ್, ಕ್ರಿಸ್ಟಿನಾ ಪೆಡರ್ಸನ್ ಸೆಮಿಫೈನಲ್ಲಲ್ಲಿ ಚೀನಾ ಜೋಡಿನ ಹೊರಗೆ ಹಾಕಿದ್ರು, ಈ ಕಡೆ ತಕಾಮತ್ಸು ಕೊರಿಯಾದ ಜೋಡಿನ 21-16, 21-15ಕ್ಕೆ ಸೋಲಿಸಿದ್ರು.

ಫೈನಲ್ 2016ರ ಆಗಸ್ಟ್ 18. ನಮ್ಮ ಸಿಂಧು ಸೆಮಿಫೈನಲ್ಲಲ್ಲಿ ಒಕುಹಾರಾನ ಸೋಲಿಸಿದ್ದೂ ಅದೇ ದಿನ ಅದೇ ಹಾಲಲ್ಲಿ, ಹಾಗಾಗಿ ಇಲ್ಲಿ ಆವತ್ತು ಸಿಂಧುದೇ ಮಾತು, ಈ ಮ್ಯಾಚನ್ನ ಎಷ್ಟೋ ಜನ ನೋಡ್ಲೇ ಇಲ್ಲ. ಮೊದಲ ಗೇಮ್ ಡೆನ್ಮಾರ್ಕಿಗೆ 21-18. ಎತ್ತರದ ಹೆಂಗಸರು, ಮೇಲಿಂದ ಹೊಡೆತ, ಜಪಾನ್ ಬಿಗಿಯಾಗಿ ಕಾಣ್ತಿತ್ತು. ಎರಡನೇದು ಜಪಾನಿಗೆ 21-9, ಇದು ಬೇರೇನೇ ಆಟ. ಮೂರನೇದರಲ್ಲಿ ಮೇಲೆ ಕೆಳಗೆ ಆಗ್ತಾ ಆಗ್ತಾ 16-19 ಆಯ್ತು. ಡೆನ್ಮಾರ್ಕಿಗೆ ಚಿನ್ನಕ್ಕೆ ಬೇಕಾಗಿದ್ದು ಎರಡು ಪಾಯಿಂಟ್, ಜಪಾನಿಗೆ ಐದು. ಆ ಐದನ್ನೂ ಸಾಲಾಗಿ ತಗೊಂಡ್ರು, ನಡುವೆ ಒಂದೂ ಕೊಡದೆ. 21-19.

ಮೂರು ಪಾಯಿಂಟ್ ಹಿಂದೆ ಇದ್ದಾಗ ನಮ್ಮಂಥವರು ಅವಸರ ಮಾಡ್ತೀವಿ, ಒಂದೇ ಹೊಡೆತಕ್ಕೆ ಮುಗಿಸ್ಬೇಕು ಅಂತ ಹೋಗಿ ನೆಟ್ಟಿಗೆ ಬಿಡ್ತೀವಿ. ಇವರು ಆ ಹೊತ್ತಲ್ಲೂ ಒಂಬತ್ತು ವರ್ಷದಿಂದ ಆಡ್ಕೊಂಡು ಬಂದಿದ್ದ ಆಟಾನೇ ಆಡಿದ್ರು, ಹೊಸದಾಗಿ ಏನೂ ಮಾಡೋಕೆ ಹೋಗ್ಲಿಲ್ಲ. ನಾನು ಇದನ್ನ ಎಷ್ಟು ಸಲ ನೋಡಿದೀನೋ ಲೆಕ್ಕ ಇಟ್ಟಿಲ್ಲ, ಏನಾಗುತ್ತೆ ಅಂತ ಗೊತ್ತಿದ್ರೂ 19-19ರಲ್ಲಿ ಈಗ್ಲೂ ಎದೆ ಢವಢವ ಅನ್ನುತ್ತೆ.

ನಮ್ಮ ಅಶ್ವಿನಿ ಪೊನ್ನಪ್ಪ ಇವರ ಎದುರು ಆಡಿದಾರಾ?

ಆಡಿದಾರೆ, ರಿಯೋದಲ್ಲಿ ಎರಡೂ ಜೋಡಿ ಒಂದೇ ಗ್ರೂಪಲ್ಲಿ ಇದ್ವು. ಆಗಸ್ಟ್ 11ಕ್ಕೆ ಜ್ವಾಲಾ ಗುಟ್ಟಾ, ಅಶ್ವಿನಿ ತಮ್ಮ ಮೊದಲ ಮ್ಯಾಚನ್ನ ಆಡಿದ್ದೇ ತಕಾಮತ್ಸು ಎದುರು, 15-21, 10-21ರಲ್ಲಿ ಸೋತ್ರು. ಅದಕ್ಕೂ ಮುಂಚೆ 2014ರಲ್ಲಿ ದೆಹಲಿಯ ಊಬರ್ ಕಪ್ (ದೇಶ ದೇಶಗಳ ಮಹಿಳಾ ಟೀಮುಗಳ ವಿಶ್ವ ಟೂರ್ನಿ) ಸೆಮಿಫೈನಲ್, ಸೈನಾ, ಸಿಂಧು ಇಬ್ಬರೂ ಗೆದ್ದು ಭಾರತ 2-0 ಮುಂದಿತ್ತು, ಎಲ್ಲರೂ ಫೈನಲ್ ಕನಸು ಕಾಣ್ತಿದ್ವಿ, ಅಲ್ಲಿಂದ ಜಪಾನ್ 3-2 ಮಾಡ್ಬಿಡ್ತು. ಜ್ವಾಲಾ, ಅಶ್ವಿನಿ ಆವತ್ತೂ ಇದೇ ಜೋಡಿಗೆ ಮೂರು ಗೇಮ್ ತನಕ ಹೋರಾಡಿ ಸೋತಿದ್ದು. ಹೊಟ್ಟೆ ಉರಿದಿತ್ತು ನಿಜ.

ಆದ್ರೆ ಇನ್ನೊಂದು ವಿಷಯ ಗಮನಿಸಿ, ಇದನ್ನ ಯಾರೂ ಹೇಳಲ್ಲ. ಅಶ್ವಿನಿ ಮೂರು ಒಲಿಂಪಿಕ್ಸ್ ಆಡಿದ್ರು, ಮೂರರಲ್ಲೂ ಗ್ರೂಪಲ್ಲೇ ಜಪಾನಿನ ಒಂದು ಜೋಡಿ ಸಿಕ್ತು. 2012ರಲ್ಲಿ ಫುಜಿಕಾಕಿ, ಅವರು ಬೆಳ್ಳಿ ಗೆದ್ರು. 2016ರಲ್ಲಿ ತಕಾಮತ್ಸು, ಚಿನ್ನ. 2024ರ ಪ್ಯಾರಿಸಲ್ಲಿ ತನಿಷಾ ಕ್ರಾಸ್ಟೊ ಜೊತೆ ಆಡಿದಾಗ ಶಿದಾಮತ್ಸು, ಅವರು ಕಂಚು. ಮೂರು ಸಲ ಎದುರು ನಿಂತವರು ಮೂರು ಸಲವೂ ಪದಕ ಹಾಕ್ಕೊಂಡ್ರು. ಲಂಡನ್ನಲ್ಲಂತೂ ನಮ್ಮವರಿಗೆ ಕ್ವಾರ್ಟರ್ ಫೈನಲ್ ತಪ್ಪಿದ್ದು ಒಂದೇ ಒಂದು ಪಾಯಿಂಟಿನ ವ್ಯತ್ಯಾಸದಲ್ಲಿ. ಕೊಡಗಿನ ಮನೆತನದ ಈ ಹುಡುಗಿ ಎಂಥವರ ಎದುರು ಆಡಿ ಬಂದಿದಾರೆ ಅಂತ ಸ್ಕೋರ್ ಮಾತ್ರ ನೋಡಿದವರಿಗೆ ಗೊತ್ತಾಗಲ್ಲ.

ತಕಾಹಾಶಿ ವರ್ಲ್ಡ್ ಚಾಂಪಿಯನ್ ಆಗಿದ್ರಾ?

ಇಲ್ಲ. 2017ರ ಗ್ಲಾಸ್ಗೋದಲ್ಲಿ ಕಂಚು, ಅಲ್ಲಿಗೇ ನಿಂತಿತು. ಒಲಿಂಪಿಕ್ ಚಿನ್ನ ಇದ್ದೂ ವರ್ಲ್ಡ್ ಚಾಂಪಿಯನ್‌ಶಿಪ್ ಇಲ್ಲ ಅನ್ನೋದು ಒಂದು ಕೊರತೆನೇ, ಅಭಿಮಾನಿ ಅಂತ ಮುಚ್ಚಿಡಲ್ಲ. ಆದ್ರೆ ಟೀಮ್ ಆಗಿ 2018ರಲ್ಲಿ ಬ್ಯಾಂಕಾಕಲ್ಲಿ ಊಬರ್ ಕಪ್ ಗೆದ್ರು, 37 ವರ್ಷ ಆದ್ಮೇಲೆ ಜಪಾನಿಗೆ ಬಂದಿದ್ದು. ಅದೇ ವರ್ಷದ ಕೊನೆಗೆ ಗುವಾಂಗ್‌ಝೌನಲ್ಲಿ ವರ್ಲ್ಡ್ ಟೂರ್ ಫೈನಲ್ಸ್ ಕೂಡ ಗೆದ್ರು, ಸಿಂಧು ಸಿಂಗಲ್ಸ್ ಗೆದ್ದ ಟೂರ್ನಿ ಅದೇ.

ಕೋಚ್ ಯಾರು?

ಜಪಾನ್ ಟೀಮಿನ ಮುಖ್ಯ ಕೋಚ್ ಆಗಿದ್ದವರು ಕೊರಿಯಾದ ಪಾರ್ಕ್ ಜೂ-ಬಾಂಗ್, 1992ರ ಬಾರ್ಸಿಲೋನಾದಲ್ಲಿ ಪುರುಷರ ಡಬಲ್ಸ್ ಚಿನ್ನ ಗೆದ್ದ ದಿಗ್ಗಜ. 2004ರಲ್ಲಿ ಜಪಾನಿಗೆ ಬಂದ್ರು. ಕಂಪನಿ ಕಂಪನಿಗಳಲ್ಲಿ ಹರಿದು ಹಂಚಿಹೋಗಿದ್ದ ಆಟಗಾರರನ್ನ ಒಂದೇ ಕಡೆ ಸೇರಿಸಿ ನ್ಯಾಷನಲ್ ಟೀಮ್ ಅಂತ ಕಟ್ಟಿದ್ರಲ್ಲಿ ಇವರ ಪಾತ್ರ ದೊಡ್ಡದು. ಟೋಕಿಯೊದ ನ್ಯಾಷನಲ್ ಟ್ರೈನಿಂಗ್ ಸೆಂಟರ್ 2008ರಲ್ಲಿ ಶುರುವಾಗಿದ್ದೂ ದೊಡ್ಡ ಸಹಾಯ ಆಯ್ತು.

ಟೋಕಿಯೊ ಒಲಿಂಪಿಕ್ಸ್ ಅವರ ದೇಶದಲ್ಲೇ ನಡೀತು, ಯಾಕೆ ಆಡ್ಲಿಲ್ಲ?

ಇಲ್ಲೇ ಆ 'ಎರಡೇ ಜೋಡಿ' ಮತ್ತೆ ಬರೋದು. ರಿಯೋ ಚಿನ್ನ ನೋಡಿ ಬೆಳೆದ ಜೋಡಿಗಳು ಅಷ್ಟರಲ್ಲಿ ಮೇಲೆ ಬಂದಿದ್ವು. 2018ರ ನಾನ್‌ಜಿಂಗ್, 2019ರ ಬಾಸೆಲ್, ಎರಡೂ ವರ್ಲ್ಡ್ ಚಾಂಪಿಯನ್‌ಶಿಪ್ ಫೈನಲ್ಲಲ್ಲಿ ಎರಡೂ ಕಡೆ ಜಪಾನ್ ಜೋಡಿಗಳೇ, ನಾಗಾಮತ್ಸು ಮತ್ತೆ ಫುಕುಹಿರೊ, ಎರಡು ಸಲವೂ ನಾಗಾಮತ್ಸು ಗೆದ್ರು. ಹೀಗಿರೋವಾಗ ಒಲಿಂಪಿಕ್ ಚಾಂಪಿಯನ್ ಜೋಡಿ ತಮ್ಮ ದೇಶದಲ್ಲೇ ಮೂರನೇ ಸ್ಥಾನ. ಅದಾಗಿ ಕೋವಿಡ್ ಬಂತು, ಒಲಿಂಪಿಕ್ಸ್ ಒಂದು ವರ್ಷ ಮುಂದಕ್ಕೆ ಹೋಯ್ತು. ಇನ್ನೂ ಒಂದು ವರ್ಷ ಮೈ ಮನಸ್ಸು ಎರಡನ್ನೂ ಅದೇ ಮಟ್ಟದಲ್ಲಿ ಇಟ್ಕೊಳ್ಳೋದು ಕಷ್ಟ ಅಂತ ತಕಾಹಾಶಿ 2020ರ ಆಗಸ್ಟಲ್ಲಿ ಆಟಕ್ಕೆ ವಿದಾಯ ಹೇಳಿದ್ರು. ವಯಸ್ಸು ಮೂವತ್ತು.

'ಹೆದರಿ ಬಿಟ್ರು', 'ಇನ್ನೊಂದು ವರ್ಷ ಕಾಯ್ಬಹುದಿತ್ತು' ಅಂತ ಆಗ ಒಂದಿಷ್ಟು ಜನ ನನ್ನ ಹತ್ರಾನೇ ವಾದ ಮಾಡಿದ್ರು. ನಾನು ಒಪ್ಪಲ್ಲ. ಲಂಡನ್ನಿಗೆ ಮುಂಚೆ ಎರಡು ಜೋಡಿ ಇವರಿಗಿಂತ ಮುಂದಿದ್ವು, ಟೋಕಿಯೊಗೆ ಮುಂಚೆ ಬೇರೆ ಎರಡು ಜೋಡಿ ಮುಂದಿದ್ವು, ನಡುವೆ ಸಿಕ್ಕ ಒಂದೇ ಒಂದು ಒಲಿಂಪಿಕ್ಸಲ್ಲಿ ಚಿನ್ನ ತಂದ್ರು. ಹಿಂದೆ ನಿಲ್ಲೋ ಆಟಗಾರ್ತಿಯ ಭುಜ, ಮಂಡಿ ಎಷ್ಟು ಸವೆದಿರುತ್ತೆ ಅಂತ ಹಿಂದೆ ನಿಂತವರಿಗೇ ಗೊತ್ತು. ಅರೆಮನಸ್ಸಿಂದ ಆಡಿದ್ರೆ ಆ ಭಾರ ಪೂರ್ತಿ ಪಾರ್ಟ್ನರ್ ಮೇಲೆ ಬೀಳುತ್ತೆ, ಅದು ಆಗ್ಬಾರ್ದು ಅಂತ ಹೊತ್ತಿಗೆ ಸರಿಯಾಗಿ ನಿಲ್ಲಿಸಿದ್ದು ನನ್ನ ಕಣ್ಣಿಗೆ ದೊಡ್ಡತನವೇ.

ಆಮೇಲೆ ಮತ್ಸುತೊಮೊ ಏನ್ಮಾಡಿದ್ರು?

ಮಹಿಳಾ ಡಬಲ್ಸಿಗೆ ಇನ್ನೊಬ್ಬ ಪಾರ್ಟ್ನರ್ ಹುಡುಕ್ಕೊಂಡು ಹೋಗ್ಲಿಲ್ಲ. ಯುಕಿ ಕನೆಕೊ ಜೊತೆ ಮಿಕ್ಸೆಡ್ ಡಬಲ್ಸ್ ಕಡೆ ತಿರುಗಿದ್ರು. ಮಿಕ್ಸೆಡಲ್ಲಿ ಹೆಂಗಸರು ಬಹುಪಾಲು ನೆಟ್ ಹತ್ರಾನೇ ಇರೋದ್ರಿಂದ ಅವರ ಆಟಕ್ಕೆ ಹೊಂದ್ಕೊಳ್ತು. ಆದ್ರೆ ಅವರ ಹಿಂದೆ ತಕಾಹಾಶಿ ಇಲ್ಲದ್ದನ್ನ ನೋಡಿ ಅಭ್ಯಾಸ ಆಗೋಕೆ ನನಗೆ ತುಂಬಾ ದಿನ ಬೇಕಾಯ್ತು.

ಇವರ ಆಟ ಇದುವರೆಗೂ ನೋಡೇ ಇಲ್ಲ, ಎಲ್ಲಿಂದ ಶುರು ಮಾಡ್ಲಿ?

ರಿಯೋ ಫೈನಲ್ಲಿಂದ, ಆದ್ರೆ ನೇರವಾಗಿ ಮೂರನೇ ಗೇಮಿಗೆ ಹೋಗ್ಬೇಡಿ. ಎರಡನೇ ಗೇಮಿಂದ ನೋಡಿ, ಅಲ್ಲಿ ಹಿಂದೆ ಮುಂದೆ ಹೇಗೆ ಜಾಗ ಬದಲಾಯಿಸ್ತಾರೆ ಅಂತ ಅರ್ಥ ಆಗುತ್ತೆ. ಕಾಕ್ ಮೇಲೆ ಕಣ್ಣಿಡೋದು ಬಿಟ್ಟು ಹಿಂದೆ ಇರೋ ಹುಡುಗಿಯ ಕಾಲು ನೋಡಿ. ಹೊಡೆದಾದ್ಮೇಲೆ ಆ ಕಾಲು ಒಂದು ಕ್ಷಣಾನೂ ನಿಂತ ಕಡೆ ನಿಲ್ಲಲ್ಲ, ಕಾಕ್ ಎದುರಿನವರ ರ‍್ಯಾಕೆಟ್ ಮುಟ್ಟೋ ಹೊತ್ತಿಗೆ ಆಗ್ಲೇ ಮುಂದಿನ ಮೂಲೆಗೆ ಹೊರಟಿರುತ್ತೆ.